ಗೆದ್ದಲು ತಿಂದ ಜಂತೆ

ಮೂರನೆಯ ಗುಂಡಿಯಲ್ಲೂ ಮೊಣಕಾಲುದ್ದ ಅಗೆಯುವಷ್ಟರಲ್ಲಿ ನೀರು ಜಿನುಗಿತು. ಚಿಕ್ಕಸಿದ್ದಯ್ಯ ಗುದ್ದಲಿಯನ್ನು ದಡಕ್ಕೆ ಎಸೆದು, ಕೆಸರಿನಿಂದ ಒಂದೊಂದೇ ಕಾಲು ಕಿತ್ತುಕೊಂಡು ಮೇಲಕ್ಕೆ ಹತ್ತಿದ. ನಿಂಗಯ್ಯ ಮಾತ್ರ ಒಳಗೇ ನಿಂತು ಮಂಕರಿಯಿಂದ ಕೆಸರನ್ನು ಮೊಗೆದು ಹೊರಗೆ ಚೆಲ್ಲುತ್ತಿದ್ದ. ಚೆಲ್ಲಿದ್ದು ಗುಂಡಿಯ ಅಂಚಿನ ಮಣ್ಣನ್ನೂ ಕರೆದುಕೊಂಡು ಮತ್ತೆ ಒಳಕ್ಕೇ ಇಳಿಯುತ್ತಿತ್ತು.

“ಬಾರ್ಲಾ ಮ್ಯಾಕ್ಕೆ,” ಎಂದ ಚಿಕ್ಕಸಿದ್ದಯ್ಯ. “ಕೆರೆ ತುಂಬ್ಕಂಡು ನಿಂತದೆ. ಇದು ಗುಂಡಿಯಲ್ಲ ಕಣ್ಲಾ, ಬಾವಿ.”

“ಇನ್ನೊಂದ್ ಕಡೆ ತೋಡ್ ನೋಡವ ಮಾವ.”

“ಎಲ್ ತೋಡೀಯೆ? ನಿಮ್ ತಾತ ಮುತ್ತಾತ ಎಲ್ಲಾರೂ ಇಲ್ಲೇ ಮಲ್ಗವ್ರೆ. ಅವ್ರ್ ಎದೆ ಮ್ಯಾಲೆ ತೋಡೀಯಾ?”

ಸ್ವಾತಿ ಮಳೆ ಹಿಡಿದು ವಾರ ಕಳೆದಿತ್ತು. ಕೌದಳ್ಳಿಯಂಥ ಒಣ ಸೀಮೆಯಲ್ಲಿ ಇಂಥ ಮಳೆಯನ್ನು ಕಂಡವರು ಕಡಿಮೆ. ಕೆರೆಯ ಹಿಂದಿನ ಆ ತುಂಡು ನೆಲದಲ್ಲೇ ನಿಂಗಯ್ಯನ ಮನೆತನದವರು ತಮ್ಮ ಸತ್ತವರನ್ನು ಹೂಳುತ್ತ ಬಂದಿದ್ದರು. ಈ ದಿನ ಬೆಳಕು ಹರಿಯುವ ಮೊದಲು ಅವನ ತಾಯಿ ರಾಚಮ್ಮ ತೀರಿಕೊಂಡಿದ್ದಳು. ನಾಲ್ಕು ದಿನ ಜ್ವರದಲ್ಲಿ ಮಲಗಿದ್ದಳು, ಅಷ್ಟೇ. ಹನೂರಿನ ಅಕ್ಕಿ ಗಿರಣಿಯಲ್ಲಿ ಕೆಲಸಕ್ಕಿದ್ದ ನಿಂಗಯ್ಯ ಸುದ್ದಿ ತಿಳಿದು ಹಿಂದಿನ ಸಂಜೆಯಷ್ಟೇ ಬಂದು ಅವಳ ಮುಖ ನೋಡಿದ್ದ.

“ನೀರೊಳಕ್ಕೆ ಎಂಗಪ್ಪ ಮಲುಗ್ಸದು ನಿಮ್ಮವ್ವುನ್ನ?” ಚಿಕ್ಕಸಿದ್ದಯ್ಯನ ದನಿ ಈಗ ಇಳಿಯಿತು. “ಸುಟ್ಬುಡವ.”

“ಸುಡದಾ? ನಮ್ಮೋರಲ್ಲಿ ಯಾರ್ನ ಸುಟ್ಟವ್ರೆ?”

“ಯಾರ್ನೂ ಸುಟ್ಟಿಲ್ಲ. ಯಾರ್ನೂ ಇಂಗ್ ಕೆಸ್ರಿಗೂ ಹಾಕಿಲ್ಲ.”

ನಿಂಗಯ್ಯ ಮಂಕರಿಯನ್ನು ಕೈಬಿಟ್ಟ. ಅದು ಗುಂಡಿಯ ನೀರಿನಲ್ಲಿ ತೇಲಿತು. ಸುಡುವುದಾದರೆ ಒಣ ಸೌದೆ ಬೇಕು. ಆ ಮಳೆಯಲ್ಲಿ ಒಣ ಸೌದೆ ಎಲ್ಲಿ ಸಿಕ್ಕೀತು ಎಂದು ಯಾರನ್ನು ಕೇಳಿದರೂ ಅವರು ಊರ ತುದಿಯ ಒಂದೇ ಒಂದು ಮನೆಯ ಕಡೆಗೆ ಕೈ ತೋರಿಸುತ್ತಿದ್ದರು. ಅದು ಸತ್ತವಳ ಮನೆಯೇ ಆಗಿತ್ತು. ಇಬ್ಬರೂ ಅತ್ತ ನಡೆದರು.

* * *

ರಾಚಮ್ಮ ಗೋಪಿನಾಥಂನಿಂದ ಬಂದ ಹೆಣ್ಣು. ಅವಳ ತಂದೆ ಕಾಡಿನೊಳಗೆ ಮರ ಕಡಿಯುವ ಕೂಲಿಗೆ ಹೋಗುತ್ತಿದ್ದ. ಆ ಕಡೆಯವರಂತೆ ಅವಳ ಬಾಯಲ್ಲೂ ಕನ್ನಡದ ಜೊತೆ ತಮಿಳು ಬೆರೆತಿತ್ತು. ಸೌದೆಗೆ ಅವಳು ವಿರಗು ಎನ್ನುತ್ತಿದ್ದಳು. ಕೌದಳ್ಳಿಯ ಹೆಂಗಸರು ನಕ್ಕು ಅದನ್ನೇ ಅವಳ ಹೆಸರಿಗೆ ಅಂಟಿಸಿ ವಿರಗು ರಾಚಮ್ಮ ಎಂದರು.

ಮದುವೆಯಾಗಿ ಬಂದ ಹೊಸದರಲ್ಲಿ ಒಂದು ದಿನ ಅವಳು ಅತ್ತೆಯನ್ನು ಹುಡುಕುತ್ತ ಅಡುಗೆಮನೆಗೆ ಹೋದರೆ ಅಲ್ಲಿ ಅತ್ತೆ ಕಾಣಲೇ ಇಲ್ಲ. ಹೊಗೆಯೊಳಗಿಂದ ಕೆಮ್ಮು ಮಾತ್ರ ಕೇಳಿಸಿತು. ಮುದ್ದೆ ತಿರುವುತ್ತಿದ್ದ ಮುದುಕಿಯ ಕಣ್ಣು ಕೆಂಡವಾಗಿ ನೀರು ಸುರಿಯುತ್ತಿತ್ತು. ಒಲೆಯಲ್ಲಿದ್ದದ್ದು ಹಿಂದಿನ ದಿನ ಬದುವಿನಿಂದ ಕಡಿದು ತಂದ ಹಾಲುವಾಣದ ಕೊಂಬೆ. ಅದರ ತುದಿಯಲ್ಲಿ ನೊರೆ ಬರುತ್ತಿತ್ತು.

“ಏನ್ ಮಾಡೀಯೆ ಮಗ,” ಎಂದಳು ಅತ್ತೆ. “ನಮ್ ಬದೀಲಿ ಬೆಳ್ಯದೇ ಈ ಮರ. ಅತ್ರೂ ಇದೆ, ನಕ್ರೂ ಇದೆ.”

ಮರುದಿನ ಬಿಳಿಗಿರಿ ಎದ್ದು ಹೊರಗೆ ಬಂದಾಗ ಅವನ ಹೆಂಡತಿ ಹಿತ್ತಲಲ್ಲಿ ಕಲ್ಲುಗಳನ್ನು ಉರುಳಿಸಿ ಸಾಲಾಗಿ ಜೋಡಿಸುತ್ತಿದ್ದಳು. ಕಲ್ಲಿನ ಮೇಲೆ ಎರಡು ಗಳ. ಗಳದ ಮೇಲೆ ಸೀಳಿದ ಸೌದೆ, ಒಂದಕ್ಕೊಂದು ತಾಗದಂತೆ.

“ಹಾಲ್ವಾಣ, ಬೂರ್ಗ, ಎಬ್ಬೇವು. ಇವೂ ಒಂದ್ ಮರವಾ?” ಎಂದು ಅವನು ನಕ್ಕ. “ಒಲೆಗ್ ಇಟ್ರೆ ಒಗೆ, ಮನೆಗ್ ಹಾಕುದ್ರೆ ಗೆದ್ಲು.”

“ಮೆದು ಮರ ನೀರ ಬ್ಯಾಗ ಕುಡೀತದೆ. ಬ್ಯಾಗ್ನೆ ಬುಡ್ತದೆ,” ಎಂದಳು ರಾಚಮ್ಮ. “ಬುಡಾಕೆ ಒಸಿ ಗಾಳಿ ಬೇಕು, ಅಷ್ಟೆಯ.”

ನೆತ್ತಿಗೆ ಹುಲ್ಲು ಹೊದಿಸಿದಳು, ಪಕ್ಕಗಳನ್ನು ಬಿಟ್ಟಳು. ಆಗಾಗ ಒಂದು ತುಂಡನ್ನು ಎಳೆದು ಕೆನ್ನೆಗೆ ಒತ್ತಿಕೊಂಡು ಕಣ್ಣು ಮುಚ್ಚುತ್ತಿದ್ದಳು. ತಣ್ಣಗಿದ್ದರೆ ಒಳಗೆ ಇನ್ನೂ ನೀರಿದೆ ಎಂದು ಅದನ್ನು ಮತ್ತೆ ಅಲ್ಲೇ ಇಡುತ್ತಿದ್ದಳು. ಒಂದು ಬೇಸಿಗೆ ಕಳೆದ ಮೇಲೆ ಅದೇ ಹಾಲುವಾಣ ಒಲೆಯಲ್ಲಿ ಕರ್ಪೂರದ ಹಾಗೆ ಉರಿಯಿತು. ಅತ್ತೆ ಒಲೆಯ ಮುಂದೆ ಕುಳಿತು, ಕಣ್ಣಲ್ಲಿ ನೀರಿಲ್ಲದಿದ್ದರೂ ಅಭ್ಯಾಸಕ್ಕೆ ಸೆರಗಿನಿಂದ ಕಣ್ಣು ಒರೆಸಿಕೊಂಡಳು.

ಅಲ್ಲಿಂದ ಮುಂದೆ ರಾಚಮ್ಮ ಸುಮ್ಮನೆ ಕೂರಲಿಲ್ಲ. ಯಾರೂ ಕೇಳದಿದ್ದರೂ ಮನೆಮನೆಗೆ ಹೋಗಿ ಒಲೆಯ ಮೇಲಿನ ಅಟ್ಟವನ್ನು ಕತ್ತೆತ್ತಿ ನೋಡುತ್ತಿದ್ದಳು. “ಒಂದ್ ತೆಕ್ಕೆ ಸೀಳಿದ್ ಸೌದೆ ಮ್ಯಾಲೆ ಇರ್ಲಿ ಕವ್ವ. ದಿನಾ ಒಲೆ ಬಿಸಿ ತಾಕ್ತಿರ್ಲಿ. ಅದ ಮುಟ್ಬ್ಯಾಡಿ. ಕೈ ಸಾಗದ ದಿನ ಬತ್ತದೆ,” ಎನ್ನುತ್ತಿದ್ದಳು. ಕೆಲವರು ಅವಳ ಕಾಟ ತಾಳದೆ ಇಟ್ಟುಕೊಂಡರು. ಕೆಲವರು ಅವಳು ಬರುವುದನ್ನು ಕಂಡರೆ ಬಾಗಿಲು ಮುಂದೆ ಮಾಡುತ್ತಿದ್ದರು. ಬೆಳೆಯುತ್ತಿದ್ದ ನಿಂಗಯ್ಯನಿಗೆ ಅವ್ವನ ಈ ಚಾಳಿ ನಾಚಿಕೆ ತರಿಸುತ್ತಿತ್ತು.

ಮನೆಗೆಂದು ಮರ ಒಣಗಿಸಿದ್ದೂ ಅವಳೇ. ಹೊಲದ ಬದುವಿನಲ್ಲಿದ್ದ ದೊಡ್ಡ ಹೆಬ್ಬೇವುಗಳನ್ನು ಎಲೆ ಉದುರುವ ಕಾಲದಲ್ಲಿ ಕಡಿಸಿ, ತೊಗಟೆ ಸುಲಿಸಿ, ಒಂದು ಮಳೆಗಾಲವಿಡೀ ಕೆರೆಯ ನೀರಿನಲ್ಲಿ ಮುಳುಗಿಸಿಟ್ಟಿದ್ದಳು. ಮರದ ಒಳಗಿನ ರಸ ನೀರಿಗೆ ಇಳಿದರೆ ಹುಳ ಹಿಡಿಯುವುದಿಲ್ಲ ಎಂದು ಅವಳ ತಂದೆ ಹೇಳಿಕೊಟ್ಟಿದ್ದನಂತೆ. ಆಮೇಲೆ ಗರಗಸದವರಿಂದ ಚೌಕವಾಗಿ ಕುಯ್ಯಿಸಿದ ಜಂತೆಗಳನ್ನು ನೆರಳಿನಲ್ಲಿ ಒಟ್ಟಿ, ಬಿರುಕು ಬಿಡದಂತೆ ತುದಿಗಳಿಗೆ ಸಗಣಿ ಮೆತ್ತಿ, ವರ್ಷಗಟ್ಟಲೆ ಮಗ್ಗುಲು ಬದಲಿಸುತ್ತ ಕಾದಳು. ಹುಲ್ಲು ಸೂರಿನ ಆ ಮನೆಗೆ ಹೆಂಚು ಹೊದಿಸಬೇಕೆಂಬುದು ಗಂಡಹೆಂಡಿರ ಆಸೆಯಾಗಿತ್ತು.

ಹೆಂಚು ಬರಲಿಲ್ಲ. ಆಗ ಚಿಕ್ಕವನಾಗಿದ್ದ ನಿಂಗಯ್ಯ ಗೋಪಿನಾಥಂನ ಅಜ್ಜಿಯ ಮನೆಯಲ್ಲಿ ಕೆಲವು ದಿನ ಇದ್ದು ಹಿಂದಿರುಗಿದಾಗ ಜಂತೆಗಳನ್ನು ಏರಿಸಿಟ್ಟಿದ್ದ ಅಟ್ಟ ಖಾಲಿಯಾಗಿತ್ತು.

“ಗೆದ್ಲು ತಿಂದ್ಬುಡ್ತು ಕಣಪ್ಪ,” ಎಂದಿದ್ದಳು ಅವ್ವ.

ಅದನ್ನು ಅವನು ಮರೆಯಲಿಲ್ಲ. ದೊಡ್ಡವನಾದ ಮೇಲೆ ನೆಂಟರ ಮುಂದೆ, ಗೆಳೆಯರ ಮುಂದೆ ಹೇಳಿ ನಗಿಸುತ್ತಿದ್ದ. “ನಮ್ಮವ್ವ ಊರ್ಗೆಲ್ಲ ಸೌದೆ ಬುದ್ದಿ ಯೋಳ್ತಳೆ. ತನ್ ಮನೆ ಜಂತೇನ ಗೆದ್ಲಿಗ್ ಇಕ್ಕುದ್ಲು!” ಎಲ್ಲರೂ ನಗುತ್ತಿದ್ದರು. ರಾಚಮ್ಮನೂ ಸೆರಗನ್ನು ಬಾಯಿಗೆ ಒತ್ತಿಕೊಂಡು ನಗುತ್ತಿದ್ದಳು.

* * *

ಮನೆಯ ಮುಂದೆ ತಮಟೆಯವರು ಸುಮ್ಮನೆ ನಿಂತಿದ್ದರು. ಚರ್ಮ ನೆನೆದು ತಮಟೆಗಳು ದನಿ ಕಳೆದುಕೊಂಡಿದ್ದವು. ನಡುಮನೆಯಲ್ಲಿ ಪಕ್ಕದ ಮನೆಯ ಮಹಾಲಕ್ಷ್ಮಮ್ಮ ಮತ್ತು ಇನ್ನಿಬ್ಬರು ಹೆಂಗಸರು ರಾಚಮ್ಮನಿಗೆ ನೀರು ಹಾಕಿ, ಮುತ್ತೈದೆಯ ಅರಿಶಿನ ಕುಂಕುಮವಿಟ್ಟು, ಹೊಸ ಸೀರೆ ಉಡಿಸಿ ಕೂರಿಸಿದ್ದರು. ನಿಂಗಯ್ಯ ಅತ್ತ ನೋಡದೆ ನೇರವಾಗಿ ಹಿತ್ತಲ ಕೊಟ್ಟಿಗೆಗೆ ಹೋದ.

ಸೌದೆಯ ಒಟ್ಟು ಇರಬೇಕಾದ ಕಡೆ ಬರೀ ಅಡಿಗಲ್ಲುಗಳಿದ್ದವು.

“ಸೌದೆ ಎಲ್ಲಪ್ಪ?”

ಅವನ ತಂದೆ ಬಿಳಿಗಿರಿ ಕೊಟ್ಟಿಗೆಯ ಮೂಲೆಯಲ್ಲಿ ಕಂಬಕ್ಕೆ ಒರಗಿ ಕುಳಿತಿದ್ದ. “ಈ ವಾರ ಊರೋರು ಬಂದು ತಕಂಡೋದ್ರು. ಯಾರ್ ಮನೇಲೂ ಒಲೆ ಹತ್ನಿಲ್ವಲ್ಲ. ಜರ ಬಂದು ಮಲ್ಗಿದ್ದವ್ಳು ಅಲ್ಲಿಂದ್ಲೆ ಕೂಗಿ ಕೂಗಿ ಕೊಡ್ಸುದ್ಲು. ನೆನ್ನೆ ಕಡೇ ಒರೆ ಬಾಣ್ತಿ ಮನೆಗ್ ಓಯ್ತು.”

ಚಿಕ್ಕಸಿದ್ದಯ್ಯ ಮೇಲೆ ನೋಡಿದ. ಕೊಟ್ಟಿಗೆಯ ಅಡ್ಡಗಳದ ಮೇಲೆ ಉದ್ದಕ್ಕೂ ಜಂತೆಗಳು ಮಲಗಿದ್ದವು. ಮೊದಲಿನವು ಹೋದ ಮೇಲೆ ರಾಚಮ್ಮ ಬದುವಿಗೆ ಹೊಸ ಹೆಬ್ಬೇವು ನೆಟ್ಟು, ಅವು ಬೆಳೆದ ಮೇಲೆ ಕಡಿಸಿ, ನೆನೆಸಿ, ಕುಯ್ಯಿಸಿ, ಎರಡನೆಯ ಸಲ ಒಣಗಿಸಿದ ಮರ. ಸುಗ್ಗಿ ಕಳೆದ ಮೇಲೆ ಸೂರು ಎತ್ತಿ, ಹೆಂಚಿನ ಮನೆಯಲ್ಲೇ ನಿಂಗಯ್ಯನ ಮದುವೆ ಎಂದು ಮಾತಾಗಿತ್ತು.

“ಇದ್ ಬುಟ್ರೆ ಬ್ಯಾರೆ ಇಲ್ಲ ಕಪ್ಪ,” ಎಂದ ಚಿಕ್ಕಸಿದ್ದಯ್ಯ, ಯಾರ ಮುಖವನ್ನೂ ನೋಡದೆ.

ನಿಂಗಯ್ಯ ಒಂದು ಜಂತೆಯನ್ನು ಎಳೆದು ನೆಲಕ್ಕೆ ಇಳಿಸಿದ. ಕಲ್ಲಿಗೆ ತಗುಲಿ ಅದು ಕಂಚಿನ ಹಾಗೆ ಸದ್ದು ಮಾಡಿತು. ಗೋಡೆಗೆ ಒರಗಿಸಿದ್ದ ಕೊಡಲಿಯನ್ನು ತೆಗೆದುಕೊಂಡ.

“ನಿಲ್ಸು ಮಗ,” ಎಂದ ಬಿಳಿಗಿರಿ.

“ನಮ್ಮವ್ವುನ್ಗಿಂತ ಮನೆ ದೊಡ್ದಾ ಅಪ್ಪ?”

“ಅಲ್ಲ. ಆದ್ರೆ ಒಂದ್ಸಲ ಕಡ್ದಿದ್ದೀವಿ. ನಾನೂ ಅವ್ಳೂವೆ ಕುಂತ್ಕಂಡ್ ಕಡ್ದಿದ್ದೀವಿ. ಎಲ್ಡನೆ ಸಲ ಬ್ಯಾಡ.”

ನಿಂಗಯ್ಯನ ಕೈ ಅಲ್ಲೇ ನಿಂತಿತು. “ಯಾವಾಗ್ ಕಡುದ್ರಿ? ಅದ ಗೆದ್ಲು ತಿಂತಲ್ಲ?”

ಅಷ್ಟರಲ್ಲಿ ಕೊಟ್ಟಿಗೆಯ ಬಾಗಿಲಲ್ಲಿ ಕೊಡೆ ಮಡಿಸುವ ಸದ್ದಾಯಿತು. ಹನೂರಿನ ದೊಡ್ಡಮಾದಪ್ಪ, ಅವನ ಹೆಂಡತಿ ಶಂಕರಮ್ಮ, ಮಗಳು ಶಿವರತ್ನ ಬಂದಿದ್ದರು. ಬೆಳಗಿನ ಬಸ್ಸಿನ ಕಂಡಕ್ಟರ್ ಹನೂರಿನಲ್ಲಿ ಸುದ್ದಿ ಹೇಳಿದ್ದ. ನಿಂಗಯ್ಯನಿಗೆ ಇವರ ಗುರುತಿತ್ತು. ಹಣೆಯ ತುಂಬ ವಿಭೂತಿ ಧರಿಸುವ ಅನುಕೂಲಸ್ಥ ಮನೆತನ. ಪ್ರತಿವರ್ಷ ಮಹದೇಶ್ವರನ ಬೆಟ್ಟಕ್ಕೆ ನಡೆದು ಹೋಗುವಾಗ ಪರಸೆಯ ಜೊತೆ ಬಂದು ಇವರ ಜಗಲಿಯಲ್ಲಿ ಕೂತು ಮಜ್ಜಿಗೆ ಕುಡಿದು ಹೋಗುತ್ತಿದ್ದರು. ಅವ್ವನಿಗೆ ಅವರು ಬರುವ ದಿನ ಹಬ್ಬ. ಯಾಕೆಂದು ಅವನು ಎಂದೂ ಕೇಳಿರಲಿಲ್ಲ.

ಶಂಕರಮ್ಮ ಒಳಗೆ ಹೋಗಿ ರಾಚಮ್ಮನ ಪಾದ ಮುಟ್ಟಿ, ಅತ್ತು, ಬಿಳಿಗಿರಿಯನ್ನು ಹುಡುಕುತ್ತ ಹಿತ್ತಲಿಗೆ ಬಂದಿದ್ದಳು. ಏನೋ ಹೇಳಲು ಬಾಯಿ ತೆರೆದವಳು ನೆಲದ ಮೇಲಿದ್ದ ಜಂತೆಯನ್ನು ಕಂಡು ನಿಂತುಬಿಟ್ಟಳು. ಬಗ್ಗಿ ಅದರ ಅಂಚಿನ ಮೇಲೆ ಬೆರಳಾಡಿಸಿದಳು.

“ಅವತ್ತಿನ್ ಸೌದೇನೂ ಇಂಗೆ ಇತ್ತು,” ಎಂದಳು ನಿಧಾನವಾಗಿ. “ನಾಕ್ ಮೂಲೆ, ನುಣ್ಣಗೆ. ಈ ಕಡೆ ಸೌದೇನ ಇಂಗೆ ಕುಯ್ತಾರೇನೋ ಅಂತಿದ್ದೆ ನಾನು. ಇಷ್ಟ್ ವರ್ಸ ಅಂಗೆ ಅಂದ್ಕಂಡಿದ್ದೀನಿ.” ಅವಳು ತಲೆಯೆತ್ತಿ ಬಿಳಿಗಿರಿಯನ್ನು ನೋಡಿದಳು. “ಬಿಳಿಗಿರಪ್ಪ, ಅವತ್ತು ನೀವ್ ಉರ್ಸುದ್ದು ಏನ?”

“ಕೇಳ್ಬ್ಯಾಡಿ ಅಮ್ಮಾವ್ರೆ. ಯೋಳ್ಬ್ಯಾಡ ಅಂದಿದ್ಲು.”

“ಯೋಳಪ್ಪ,” ಎಂದ ನಿಂಗಯ್ಯ. ಕೊಡಲಿ ಇನ್ನೂ ಅವನ ಕೈಯಲ್ಲೇ ಇತ್ತು. “ಇನ್ ಯಾರ್ ಬ್ಯಾಡ ಅಂದಾರು?”

* * *

ಕೊಳ್ಳೇಗಾಲದ ಸೀಮೆ ಮೈಸೂರು ರಾಜ್ಯಕ್ಕೆ ಸೇರಿದ ಮರುವರ್ಷ. ಆ ವರ್ಷವೂ ಹೀಗೆಯೇ ಸ್ವಾತಿ ಮಳೆ ಕೆಟ್ಟು ಸುರಿದಿತ್ತು. ಹನೂರಿನಿಂದ ಹೊರಟ ಪರಸೆ ಕೌದಳ್ಳಿ ದಾಟಿ ಬೆಟ್ಟದ ದಾರಿ ಹಿಡಿದಾಗ ಮುಂದೆ ಹಳ್ಳ ಉಕ್ಕಿ ಹರಿಯುತ್ತಿತ್ತು. ಹಿಂದಕ್ಕೆ ತಿರುಗಿದ ಜನ ಸಿಕ್ಕ ಸಿಕ್ಕ ಜಗಲಿಗಳಿಗೆ ನುಗ್ಗಿದರು. ಊರ ತುದಿಯ ಬಿಳಿಗಿರಿಯ ಮನೆಗೆ ಒಂದು ಗುಂಪು ಬಂತು. ಅದರಲ್ಲಿ ಹರಕೆಯ ಕೂಸನ್ನು ಎದೆಗೆ ಕಟ್ಟಿಕೊಂಡಿದ್ದ ಒಬ್ಬ ಎಳೆಯ ತಾಯಿ ಇದ್ದಳು. ಅವಳ ಗಂಡ ಹಳ್ಳದ ಆಚೆ ದಡದಲ್ಲಿ ಉಳಿದುಬಿಟ್ಟಿದ್ದ.

ಆ ದಿನವೇ ಗಾಳಿ ಕೊಟ್ಟಿಗೆಯ ಸೂರನ್ನು ಕಿತ್ತು ಎಸೆದಿತ್ತು. ರಾಚಮ್ಮ ಒಟ್ಟಿಟ್ಟಿದ್ದ ಸೌದೆಯೆಲ್ಲ ಮಳೆಯಲ್ಲಿ ತೊಯ್ದು ಹೋಗಿತ್ತು.

“ಕೂಸು ಅಳ್ತಾ ಇಲ್ಲ ಕವ್ವ,” ಎಂದಳು ಆ ತಾಯಿ. “ಅವಾಗ್ಲಿಂದ ಅಳ್ತಾ ಇಲ್ಲ.”

ರಾಚಮ್ಮ ಕೂಸನ್ನು ಈಸಿಕೊಂಡು ಒದ್ದೆ ಬಟ್ಟೆ ಬಿಚ್ಚಿದಳು. ತುಟಿ ನೇರಳೆ ಹಣ್ಣಿನಂತಾಗಿತ್ತು. ಸೌದೆಗೆ ಇಟ್ಟು ನೋಡುವ ಹಾಗೆಯೇ ತನ್ನ ಕೆನ್ನೆಯನ್ನು ಕೂಸಿನ ಕೆನ್ನೆಗೆ ಒತ್ತಿ ಕಣ್ಣು ಮುಚ್ಚಿದಳು. ಮತ್ತೆ ಕಣ್ಣು ತೆರೆದಾಗ ಅವಳ ಮುಖ ಬೇರೆಯಾಗಿತ್ತು. ಒಲೆಗೆ ಇದ್ದಬದ್ದ ಸೌದೆ ಇಟ್ಟು ಊದಿದಳು. ಹೊಗೆ ಬಂತೇ ಹೊರತು ಉರಿ ಬರಲಿಲ್ಲ. ಕೂಸು ಹೊಗೆಗೆ ಒಮ್ಮೆ ಬಿಕ್ಕಿ ಮತ್ತೆ ಸುಮ್ಮನಾಯಿತು.

ರಾಚಮ್ಮ ತಲೆಯೆತ್ತಿ ಅಟ್ಟದ ಕಡೆ ನೋಡಿದಳು.

ಕರುಗಳನ್ನು ಕಟ್ಟಿ ಒಳಗೆ ಬಂದ ಬಿಳಿಗಿರಿಗೆ ಕಂಡದ್ದು, ನಡುಮನೆಯಲ್ಲಿ ಉದ್ದಕ್ಕೆ ಬಿದ್ದಿದ್ದ ಒಂದು ಜಂತೆ ಮತ್ತು ಅದರ ಮೇಲೆ ಕೊಡಲಿ ಎತ್ತಿದ್ದ ಹೆಂಡತಿ.

“ಏನಮ್ಮಿ ಮಾಡಿಯೆ? ಅದ್ ಜಂತೆ ಕಣಮ್ಮಿ!” ಎಂದು ಬಂದವರಿಗೆ ಕೇಳಿಸದಂತೆ ಪಿಸುಗುಟ್ಟಿದ.

ಅವಳು ವಾದ ಮಾಡಲಿಲ್ಲ. ತಿರುಗಿ ನೋಡಲೂ ಇಲ್ಲ. “ಆ ತುದಿ ಇಡ್ಕೊ,” ಎಂದಳು. “ಜಾರ್ತದೆ.”

ಅವನು ನಿಂತೇ ಇದ್ದ. ಎಷ್ಟು ವರ್ಷಗಳ ಮರ ಅದು! ಅದನ್ನು ನೆನೆಸಲು ಕೆರೆಗೆ ಉರುಳಿಸಿದಾಗ ಅವನ ಕಾಲ ಬೆರಳು ಜಜ್ಜಿ ಹೋಗಿತ್ತು. ಮಲಗಿದಾಗಲೆಲ್ಲ ಅಟ್ಟದ ಕಡೆ ನೋಡುತ್ತ, ಯಾವ ಜಂತೆ ಯಾವ ಗೋಡೆಯ ಮೇಲೆ ಎಂದು ಮನಸ್ಸಿನಲ್ಲೇ ಮನೆ ಕಟ್ಟುತ್ತಿದ್ದ. ಅವನು ಆ ತಾಯಿಯ ತೊಡೆಯ ಮೇಲಿನ ಕೂಸನ್ನು ನೋಡಿದ. ಅದರ ಕೈ ಜೋತುಬಿದ್ದಿತ್ತು. ಬಿಳಿಗಿರಿ ಕುಕ್ಕರಗಾಲಲ್ಲಿ ಕುಳಿತು ಆ ತುದಿಯನ್ನು ಎರಡೂ ಕೈಯಲ್ಲಿ ಒತ್ತಿ ಹಿಡಿದ.

ಒಣಗಿದ ಮರ ಮೊದಲ ಏಟಿಗೇ ಉದ್ದಕ್ಕೆ ಸೀಳಿತು. ಬೆಂಕಿ ತಾಗಿದ ಕೂಡಲೇ ಉರಿ ಸೂರಿನ ಕಡೆಗೆ ಎದ್ದಿತು. ಬಿಳಿಗಿರಿ ಗಾಬರಿಯಾಗಿ ಸೂರಿನ ಹುಲ್ಲಿಗೆ ನೀರು ಎರಚಿದ. ರಾಚಮ್ಮ ಕೂಸನ್ನು ತನ್ನ ಬರಿ ಹೊಟ್ಟೆಗೆ ಒತ್ತಿಕೊಂಡು ಬೆಂಕಿಗೆ ಬೆನ್ನು ಮಾಡಿ, ಆಮೇಲೆ ಎದುರು ಮಾಡಿ, ಮತ್ತೆ ಬೆನ್ನು ಮಾಡಿ ತಿರುಗುತ್ತಲೇ ಇದ್ದಳು. ಎರಡನೆಯ ಜಂತೆ ಅರ್ಧ ಉರಿದಾಗ ಅವಳ ಸೆರಗಿನೊಳಗಿಂದ ಬೆಕ್ಕಿನ ಮರಿಯಂಥ ಒಂದು ಸಣ್ಣ ದನಿ ಬಂತು. ಆಮೇಲೆ ಅದು ಅಳುವಾಯಿತು, ಮನೆ ತುಂಬುವಂಥ ಸಿಟ್ಟಿನ ಅಳು. ಜಗಲಿಯ ಮೇಲಿದ್ದ ಮುದುಕರು ಕೈಯೆತ್ತಿ “ಉಘೇ ಮಾದಪ್ಪ!” ಎಂದು ಕೂಗಿದರು.

ಬೆಂಕಿ ಇದೆಯೆಂದು ತಿಳಿದು ಬೇರೆ ಜಗಲಿಗಳಲ್ಲಿ ನಡುಗುತ್ತಿದ್ದವರೂ ಬಂದರು. ಯಾರು, ಎಲ್ಲಿಯವರು ಎಂದು ರಾಚಮ್ಮ ಕೇಳಲಿಲ್ಲ. ಬಿಳಿಗಿರಿಯ ಅಂಗೈಯಲ್ಲಿ ಬೊಬ್ಬೆ ಎದ್ದವು. ಮಳೆ ನಿಂತು ಹಳ್ಳ ಇಳಿಯುವ ಹೊತ್ತಿಗೆ ಅಟ್ಟದ ಮೇಲೆ ಒಂದೇ ಒಂದು ಜಂತೆಯೂ ಉಳಿದಿರಲಿಲ್ಲ.

ಹೊರಡುವಾಗ ಆ ತಾಯಿ ಕೈಮುಗಿದು, “ಈ ಋಣ ಎಂಗ್ ತೀರ್ಸಾನವ್ವ? ನಿನ್ ಸೌದೆಯೆಲ್ಲ ಉರ್ದೋಯ್ತಲ್ಲ,” ಎಂದಳು.

“ಒಣಗ್ಸಿ ಇಡೋದು ಉರ್ಯಾಕೆ ತಾನೆ?” ಎಂದು ರಾಚಮ್ಮ ನಕ್ಕಳು.

ಎಲ್ಲರೂ ಹೋದ ಮೇಲೆ ಬಿಳಿಗಿರಿ ಬೂದಿಯ ಮುಂದೆ ಕುಳಿತಿದ್ದ. ಅವಳು ಅವನ ಬೊಬ್ಬೆಗಳಿಗೆ ಹರಳೆಣ್ಣೆ ಹಚ್ಚುತ್ತ ಹೇಳಿದಳು: “ನಿಂಗ ಬಂದ್ರೆ ಗೆದ್ಲು ತಿಂತು ಅನ್ನು. ಊರೋರ್ಗೂ ಅಂಗೆ ಅನ್ನು.”

“ಯಾಕಮ್ಮಿ?”

“ಅವ್ರು ವರ್ಸ ವರ್ಸ ಈ ದಾರೀಲೆ ಬತ್ತರೆ. ನಮ್ ಉಲ್ಲಿನ್ ಸೂರ ನೋಡ್ದಾಗ್ಲೆಲ್ಲ, ಇದ ನಾವ್ ಉರ್ಸುದ್ವಲ್ಲ ಅನ್ಸಬಾರ್ದು. ನಮ್ ಜಗ್ಲೀಲಿ ಕುಂತ್ರೆ ಅವ್ರ್ ಗಂಟ್ಲಲ್ಲಿ ನೀರ್ ಇಳೀಬೇಕಲ್ವಾ?”

* * *

ಬಿಳಿಗಿರಿ ಹೇಳಿ ಮುಗಿಸುವ ಹೊತ್ತಿಗೆ ಶಂಕರಮ್ಮ ಜಂತೆಯ ಪಕ್ಕದಲ್ಲಿ ನೆಲದ ಮೇಲೆಯೇ ಕುಳಿತುಬಿಟ್ಟಿದ್ದಳು. “ಪ್ರತಿ ವರ್ಸ,” ಎಂದಳು. “ಪ್ರತಿ ವರ್ಸ ಕೇಳ್ತಿದ್ದೆ, ರಾಚಮ್ಮ, ಎಂಚಿನ್ ಮನೆ ಯಾವಾಗ ಅಂತ. ಆಗ್ತದೆ ಅಮ್ಮಾವ್ರೆ, ಮರ ಒಣಗ್ಲಿ ಅಂತಿದ್ಲು.” ಆ ದಿನದ ಕೂಸಾದ ಶಿವರತ್ನ ಗೋಡೆಗೆ ಒತ್ತಿಕೊಂಡು ನಿಂತು ತನ್ನದೇ ಕೈಗಳನ್ನು ನೋಡಿಕೊಳ್ಳುತ್ತಿದ್ದಳು.

ನಿಂಗಯ್ಯನಿಗೆ ಅವ್ವನ ನಗು ನೆನಪಾಯಿತು. ಎಷ್ಟು ಜನರ ಮುಂದೆ, ಎಷ್ಟು ಸಲ ಅವನು ಆ ಮಾತನ್ನು ಆಡಿರಬಹುದು! ಒಂದು ಸಲವಾದರೂ ಅವಳ ಮುಖದಲ್ಲಿ ಬೇರೆ ಏನಾದರೂ ಮಿಂಚಿತ್ತೇ ಎಂದು ನೆನೆದುಕೊಳ್ಳಲು ನೋಡಿದ. ಏನೂ ಇರಲಿಲ್ಲ. ಅವಳು ನಿಜವಾಗಿಯೇ ನಗುತ್ತಿದ್ದಳು. ಅದೇ ಅವನಿಗೆ ಈಗ ಅರ್ಥವಾಗದ್ದು. ಒಂದೇ ಸೂರಿನಡಿ, ಅವಳ ಕೈಯ ಮುದ್ದೆ ತಿಂದು ಬೆಳೆದಿದ್ದ; ಆ ಸೂರಿನಡಿ ಇಷ್ಟು ದೊಡ್ಡ ಜೀವ ಇತ್ತೆಂದು ಅವನಿಗೆ ತಿಳಿದಿರಲಿಲ್ಲ. ಬೆಟ್ಟದ ಬುಡದಲ್ಲಿ ಹುಟ್ಟಿದವನು ಬೆಟ್ಟವನ್ನು ನೋಡದೆ ಬೆಳೆದಂತೆ.

ಅವನು ಕೊಡಲಿಯನ್ನು ಕೆಳಗಿಟ್ಟ. “ಮಾವ, ಆ ತುದಿ ಇಡ್ಕಳಿ,” ಎಂದ. ಅವನೂ ಚಿಕ್ಕಸಿದ್ದಯ್ಯನೂ ಸೇರಿ ಜಂತೆಯನ್ನು ಮೇಲಕ್ಕೆ ಎತ್ತಿ ಅದು ಇದ್ದ ಜಾಗದಲ್ಲೇ ಮಲಗಿಸಿದರು.

“ಮತ್ತೆ ನಿಮ್ಮವ್ವುನ್ಗೆ?” ಎಂದ ಚಿಕ್ಕಸಿದ್ದಯ್ಯ.

ಬಾಗಿಲಲ್ಲಿ ನಿಂತು ಎಲ್ಲವನ್ನೂ ಕೇಳಿಸಿಕೊಂಡಿದ್ದ ಮಹಾಲಕ್ಷ್ಮಮ್ಮ ಮಳೆಯಲ್ಲಿ ಇಳಿದು ಹೋದಳು. ಸ್ವಲ್ಪ ಹೊತ್ತಿಗೆ ತಿರುಗಿ ಬಂದಾಗ ಅವಳ ತೆಕ್ಕೆಯಲ್ಲಿ ಕಂಬಳಿ ಸುತ್ತಿದ ಒಂದು ಗಂಟು ಇತ್ತು. ಬಿಚ್ಚಿದರೆ ಸೀಳಿದ ಸೌದೆ. ವರ್ಷಗಳ ಅಡುಗೆಯ ಮಸಿ ಕುಡಿದು ಎಳ್ಳಿನ ಹಾಗೆ ಕಪ್ಪಾಗಿತ್ತು.

“ನಮ್ ಅಟ್ಟದ್ದು,” ಎಂದಳು. “ಮುಟ್ಬ್ಯಾಡ ಮುಟ್ಬ್ಯಾಡ ಅಂತ ತಲೆ ತಿಂತಿದ್ಲು ನಿಮ್ಮವ್ವ. ಈ ವಾರ ಮಳೇಲೂ ಇದ ಮುಟ್ನಿಲ್ಲ ಕಣಪ್ಪ. ನಿಮ್ಮನೇದೆ ತಕಂಡೋಗಿ ಉರ್ಸುದ್ವಿ.”

“ನಿಮ್ಗ್ ಬೇಕಾಯ್ತದಲ್ಲ ಅತ್ತೆ. ಮಳೆ ನಿಂತಿಲ್ಲ.”

“ಇನ್ಯಾವ್ ದಿನ್ಕಪ್ಪ?”

ಅವಳು ಬೀದಿಯಲ್ಲಿ ಹೋಗುವಾಗ ಎರಡು ಮನೆಗೆ ಹೇಳಿದ್ದಳು. ಆ ಎರಡು ಮನೆಯವರು ಎಷ್ಟು ಮನೆಗೆ ಹೇಳಿದರೋ! ಮೊದಲು ಎದುರು ಮನೆಯ ದೊಡ್ಡಬಸಮ್ಮ ಬಂದಳು. ರಾಚಮ್ಮನನ್ನು ಕಂಡರೆ ಬಾಗಿಲು ಮುಂದೆ ಮಾಡುತ್ತಿದ್ದವಳು ಅವಳೇ. ಅವಳ ಸೆರಗಿನೊಳಗೂ ಮಸಿ ಹಿಡಿದ ಒಂದು ಹಿಡಿ ಸೌದೆ ಇತ್ತು. ಆಮೇಲೆ ಸಂತೆಬೀದಿಯಿಂದ ಬಂದರು. ಕೆರೆ ಏರಿಯ ಕಡೆಯಿಂದ ಬಂದರು. ಕೆಳಗಿನ ಬೀದಿಯವರು ಬಂದರು. ಒಂದು ಬೀದಿಯ ಒಲೆಯ ಬೆಂಕಿಯನ್ನು ಇನ್ನೊಂದು ಬೀದಿಯವರು ಮುಟ್ಟದ ಊರು ಅದು. ಆದರೆ ರಾಚಮ್ಮ ಎಲ್ಲ ಬೀದಿಯ ಅಟ್ಟವನ್ನೂ ಕತ್ತೆತ್ತಿ ನೋಡಿದ್ದಳು. ಜನ ಸೌದೆಯನ್ನು ತಲೆಯ ಮೇಲೆ ಹೊತ್ತು ತರಲಿಲ್ಲ. ನೆನೆಯದಂತೆ ಕಂಬಳಿಯೊಳಗೆ, ಸೀರೆಯೊಳಗೆ, ಎದೆಗೆ ಅವಚಿಕೊಂಡು, ಬೆನ್ನನ್ನು ಮಳೆಗೆ ಕೊಟ್ಟು ಬಾಗಿ ನಡೆದು ಬರುತ್ತಿದ್ದರು. ದೂರದಿಂದ ನೋಡಿದರೆ ಊರಿಗೆ ಊರೇ ಹಸುಗೂಸುಗಳನ್ನು ಎತ್ತಿಕೊಂಡು ಬರುತ್ತಿರುವಂತೆ ಕಾಣುತ್ತಿತ್ತು.

ದೊಡ್ಡಮಾದಪ್ಪ ಕೊಡೆಯನ್ನು ಮರೆತು ಮಳೆಯಲ್ಲೇ ನಿಂತಿದ್ದ. “ಇದೇನ್ ಬಿಳಿಗಿರಿ,” ಎಂದ ಮೆಲ್ಲನೆ. “ಇಷ್ಟ್ ಮನೇಲಿ ಇಟ್ಟಿದ್ಲಾ?”

“ನಂಗೂ ಗೊತ್ತಿಲ್ಲ ಬುದ್ದಿ,” ಎಂದ ಬಿಳಿಗಿರಿ.

ಕೊಟ್ಟಿಗೆ ತುಂಬಿತು. ಚಿಕ್ಕಸಿದ್ದಯ್ಯ “ಸಾಕು, ಸಾಕು” ಎಂದ. ಸಾಕು ಎಂದ ಮೇಲೂ ಬಂದರು. ತಂದದ್ದನ್ನು ಹಿಂದಕ್ಕೆ ಒಯ್ಯಲು ಯಾರೂ ಒಪ್ಪಲಿಲ್ಲ.

ಇಳಿಹೊತ್ತಿಗೆ ಹಳ್ಳದ ದಡದ ಎತ್ತರದ ಬಂಡೆಯ ಮೇಲೆ ಚಿತೆ ಒಟ್ಟಿದರು. ಹಾಲುವಾಣ, ಬೂರುಗ, ಹೆಬ್ಬೇವು. ಯಾರೂ ಮರವೆಂದೇ ಎಣಿಸದ ಮರಗಳು. ತುಂಡು ತುಂಡಿನ ನಡುವೆ ಗಾಳಿಯಾಡುವಂತೆ ಹೆಂಗಸರೇ ಜೋಡಿಸಿದರು. ಚಿಕ್ಕಸಿದ್ದಯ್ಯ ಅಡ್ಡ ಬರಲಿಲ್ಲ. ಆ ಮನೆತನದಲ್ಲಿ ಬೆಂಕಿಗೆ ಹೋಗುವ ಮೊದಲ ಜೀವವನ್ನು ನಾಲ್ಕು ಜನ ಎತ್ತಿ ಮೇಲೆ ಮಲಗಿಸಿದರು. ಮತ್ತೆ ನಾಲ್ಕು ಜನ ಒಂದು ಜಮಖಾನವನ್ನು ಮೂಲೆ ಹಿಡಿದು ಮಳೆಗೆ ಅಡ್ಡವಾಗಿ ಎತ್ತಿ ನಿಂತರು. ಬಿಳಿಗಿರಿ ಹತ್ತಿರ ಬಂದು, ಬಗ್ಗಿ, ಹೆಂಡತಿಯ ಕೆನ್ನೆಗೆ ತನ್ನ ಕೆನ್ನೆಯನ್ನು ಒಮ್ಮೆ ತಾಗಿಸಿ ಹಿಂದೆ ಸರಿದ. ನಿಂಗಯ್ಯ ಕೊಳ್ಳಿ ಇಟ್ಟ.

ಊದಬೇಕಾಗಲಿಲ್ಲ, ಎಣ್ಣೆ ಸುರಿಯಬೇಕಾಗಲಿಲ್ಲ. ಉರಿ ಒಳಗಿನಿಂದ ಹೊರಗೆ ಹರಡಿ, ಒಮ್ಮೆಗೇ ನೆಟ್ಟಗೆ ಮೇಲಕ್ಕೆ ಎದ್ದಿತು. ಜಮಖಾನ ಹಿಡಿದಿದ್ದವರು ಝಳ ತಾಳದೆ ಬಿಟ್ಟು ಓಡಿದರು. ಮಳೆ ಬೀಳುತ್ತಲೇ ಇತ್ತು, ಆದರೆ ಹನಿಗಳು ಆ ಉರಿಯ ನೆತ್ತಿಯ ಮೇಲೆಯೇ ಚುಯ್ಯೆಂದು ಇಲ್ಲವಾಗುತ್ತಿದ್ದವು. ಜನ ಎರಡು ಹೆಜ್ಜೆ ಹಿಂದೆ ಸರಿದು ನಿಂತರು. ಅಲ್ಲಿಂದ ಯಾರೂ ಕದಲಲಿಲ್ಲ. ಹನೂರಿನವರು, ಸಂತೆಬೀದಿಯವರು, ಕೆಳಗಿನ ಬೀದಿಯವರು, ತಮಟೆಯವರು ಒಬ್ಬರ ಭುಜಕ್ಕೆ ಒಬ್ಬರ ಭುಜ ತಾಗಿಕೊಂಡು ಬಂಡೆಯ ಸುತ್ತ ನಿಂತಿದ್ದರು. ವಾರದಿಂದ ಆರದೆ ಮೈಗೆ ಅಂಟಿದ್ದ ಕಂಬಳಿಗಳಿಂದ, ಸೀರೆಗಳಿಂದ, ಪಂಚೆಗಳಿಂದ, ಬಿಚ್ಚಿದ ತಲೆಗೂದಲಿನಿಂದ ಬಿಳಿಯ ಹಬೆ ಮೆಲ್ಲಗೆ ಏಳತೊಡಗಿತು.